ಬೆಕ್ಕು ಶೆಡ್ಡಿಗೆ ಹೋದ ಮೇಲೆ

"ಈ ವಾರದೊಳಗೆ ಬೆಕ್ಕು ಮನೆ ಬಿಡಬೇಕು," ಎನ್ನುತ್ತಲೇ ವೆರ್ನಾ ಹುರಿದ ಕುರಿತೊಡೆಯ ದೊಡ್ಡ ತಟ್ಟೆಯನ್ನು ಮೇಜಿನ ನಡುವೆ ಇಟ್ಟಳು. ಇಟ್ಟ ರಭಸಕ್ಕೆ ಸಾರು ಬಟ್ಟೆಯ ಮೇಲೆ ಚೆಲ್ಲಿತು.

ಕೊರಿನ್ ಆಲೂಗಡ್ಡೆಯ ಬಟ್ಟಲನ್ನು ಹಿಡಿದುಕೊಂಡೇ ಅತ್ತೆಯ ಮುಖ ನೋಡಿದಳು. ಕಿಟಕಿಯ ಕಟ್ಟೆಯ ಮೇಲೆ ಬಿಸ್ಕತ್ತು ಎಂಬ ಆ ಬೆಕ್ಕು ಕಾಲು ಮಡಚಿ ಕುಳಿತು, ಗಾಜಿನಾಚೆ ಬೇಲಿಯ ಮೇಲಿದ್ದ ಕಾಗೆಗಳನ್ನು ಎಣಿಸುವಂತೆ ನೋಡುತ್ತಿತ್ತು. ಕೊರಿನ್ ಅಡಿಲೇಡಿನಲ್ಲಿ ಒಂಟಿಯಾಗಿದ್ದ ಕಾಲದಿಂದಲೂ ಅವಳ ಜೊತೆಗಿದ್ದ ಬೆಕ್ಕು ಅದು. ಮದುವೆಯಾಗಿ ಈ ದ್ವೀಪಕ್ಕೆ ಬಂದಾಗ ದೋಣಿಯಲ್ಲಿ ಅವಳ ತೊಡೆಯ ಮೇಲೆ ಬಂದಿತ್ತು. ಕಾಡಿನ ಬೆಂಕಿಗೆ ಅವಳ ಮತ್ತು ಗಂಡ ರೋರಿಯ ಮನೆ ಹೋದಾಗ, ಕಾರಿನಲ್ಲಿ ಹಾಕಿಕೊಂಡು ಹೊರಟ ಮೂರು ವಸ್ತುಗಳಲ್ಲಿ ಅದೂ ಒಂದು. ಹೊಸ ಮನೆಗೆ ಇನ್ನೂ ಸೂರು ಏರದ ಕಾರಣ ಇಬ್ಬರೂ ರೋರಿಯ ಅಪ್ಪ ಅಮ್ಮನ ಮನೆಯಲ್ಲಿದ್ದರು.

"ಯಾಕೆ ವೆರ್ನಾ? ಅದೇನು ಮಾಡ್ತು ನಿಮಗೆ?"

"ನನಗಲ್ಲ ಕಣೆ, ನಿನ್ನ ಹೊಟ್ಟೇಲಿರೋದಕ್ಕೆ. ಬೆಕ್ಕಿನ ರೋಗ. ನಿನ್ನೆ ಚರ್ಚಿನ ಚಹಾದ ಹೊತ್ತಲ್ಲಿ ಎಲ್ಲರೂ ಅದೇ ಮಾತು. ಬೆಕ್ಕಿನ ಹೇಲಲ್ಲಿ ಹುಳ ಇರುತ್ತಂತೆ. ಬಸುರಿ ಮೈ ಸೇರಿದ್ರೆ ಮಗು ಕಣ್ಣು ಹೋಗುತ್ತಂತೆ."

"ಅದು ಹೇಲೋ ಮರಳಿನ ಡಬ್ಬ ತಿಂಗಳಿಂದ ರೋರಿನೇ ತೆಗೀತಿದ್ದಾನಲ್ಲ."

"ತೆಗೀತಿದೀನಿ," ಎಂದ ರೋರಿ, ತಲೆ ಎತ್ತದೆ.

ಮಾವ ಲೆಸ್ ಚಾಕು ಮಸೆಯುತ್ತಿದ್ದವನು ನಕ್ಕ. "ನಾನು ಕಾಡು ಬೆಕ್ಕು ಕಂಡಲ್ಲಿ ಗುಂಡು ಹೊಡೀತೀನಿ. ನನ್ನ ಮಗ ಮನೇಲಿ ಬೆಕ್ಕಿನ ಹೇಲು ಬಾಚ್ತಾನೆ. ಹೋದ ವರ್ಷ ಅಷ್ಟು ಕುರಿ ದಿನ ತುಂಬದೆ ಕಂದು ಹಾಕಿದ್ದು ಯಾರಿಂದ? ಇದರ ನೆಂಟರಿಂದ." ಅವನು ತೊಡೆಯನ್ನು ಕೊಯ್ದ. ಮನೆಯಲ್ಲೇ ಕಡಿದ ಕುರಿ. ಒಳಗೆ ಗುಲಾಬಿ ಬಣ್ಣ, ಅಂಚಿನಲ್ಲಿ ಕೆಂಪು ನೀರು. ಆ ಮನೆಯಲ್ಲಿ ಮಾಂಸ ಹಾಗೇ ಇರಬೇಕು. ಅದಕ್ಕಿಂತ ಹೆಚ್ಚು ಬೆಂದರೆ ಲೆಸ್ ಅದನ್ನು ಬೂಟಿನ ಅಟ್ಟೆ ಎನ್ನುತ್ತಿದ್ದ. ಅತ್ಯಂತ ಕೆಂಪಗಿನ ತುಂಡನ್ನು ಆರಿಸಿ ಸೊಸೆಯ ತಟ್ಟೆಗೆ ಹಾಕಿದ. "ತಿನ್ನು ಹುಡುಗಿ. ಮಗುಗೆ ರಕ್ತ ಬೇಕು."

ಕೊರಿನ್ ತಿಂದಳು. ಬೆಕ್ಕಿನ ಬಗ್ಗೆ ಮಾತ್ರ ಆಗಲ್ಲ ಅಂದಳು.

ಗುರುವಾರ ಅವಳು ಕಿಂಗ್ಸ್‌ಕೋಟ್ ಪಟ್ಟಣದಲ್ಲಿ ತಲೆಗೂದಲು ಕತ್ತರಿಸುವ ಕೆಲಸ ಮುಗಿಸಿ ಬಂದಾಗ ಕಿಟಕಿಯ ಕಟ್ಟೆ ಖಾಲಿಯಿತ್ತು. ಮರಳಿನ ಡಬ್ಬ ತೊಳೆದು ಬಿಸಿಲಿಗೆ ಬೋರಲು ಹಾಕಿತ್ತು. ವೆರ್ನಾ ಹಿಟ್ಟು ನಾದುತ್ತಿದ್ದಳು.

"ಎಲ್ಲಿ?"

"ಕೊಲ್ಲಲಿಲ್ಲ, ಹಾಗೆ ನೋಡಬೇಡ. ಲೆಸ್ ಬಂದೂಕು ತಗೊಂಡಿದ್ದ, ನಾನೇ ಬೇಡ ಅಂದೆ. ಉಣ್ಣೆ ಕತ್ತರಿಸೋ ಶೆಡ್ಡಿಗೆ ಬಿಟ್ಟಿದೀನಿ. ಅಲ್ಲಿ ಬೇಕಾದಷ್ಟು ಇಲಿ. ಬೆಕ್ಕು ಬೆಕ್ಕಿನ ಹಾಗೆ ಬದುಕಲಿ ಬಿಡು, ಅಂಗಡಿ ಡಬ್ಬದ ತಿನಿಸು ತಿಂದು ತಿಂದು ಅದು ಸೋಮಾರಿ ಆಗಿತ್ತು."

ಕೊರಿನ್ ಕಾರಿನ ಕೀಲಿ ಮತ್ತೆ ಕೈಗೆತ್ತಿಕೊಂಡಳು. ರೋರಿ ಅಂಗಳದಲ್ಲೇ ಅಡ್ಡ ಬಂದ. ಕೈಯಲ್ಲಿ ಬೇಲಿಯ ತಂತಿ, ಮುಖದಲ್ಲಿ ಮೂರು ದಿನದ ಗಡ್ಡ.

"ಮಗು ಆಗೋವರೆಗೂ ಅಷ್ಟೇ, ಕೋರಿ. ಅಮ್ಮ ರಾತ್ರಿ ನಿದ್ದೆನೇ ಮಾಡ್ತಿಲ್ಲ. ಒಂದು ಮಾತು ಕೇಳು."

"ನಿನಗೆ ಮೊದಲೇ ಗೊತ್ತಿತ್ತು."

"ಶೆಡ್ಡಿಗೆ ಅಂತ ಗೊತ್ತಿತ್ತು. ಬಂದೂಕಿಗಿಂತ ವಾಸಿ ಅಂದ್ಕೊಂಡೆ."

ಅವಳು ಕೀಲಿಯನ್ನು ಅವನ ಎದೆಗೆ ಎಸೆದು ಒಳಗೆ ಹೋದಳು. ಶೆಡ್ಡಿಗೆ ಹೋಗಲಿಲ್ಲ. ಎಲ್ಲರೂ ಒಂದೇ ಮಾತು ಹೇಳಿದಾಗ ಅದು ನಿಜವಿರಬಹುದೆಂದು ಅನ್ನಿಸುತ್ತದೆ. ಅದರಲ್ಲೂ ಹೊಟ್ಟೆಯಲ್ಲಿ ಮಗುವಿರುವಾಗ.

ಬೆಕ್ಕು ಹೋದದ್ದೇ ಮನೆಯಲ್ಲಿ ಎಲ್ಲರೂ ನಿರಾಳವಾದರು. ವೆರ್ನಾ ಹಾಡಿಕೊಂಡು ಕೆಲಸ ಮಾಡಿದಳು, ಹಳದಿ ಉಣ್ಣೆಯಲ್ಲಿ ಟೊಪ್ಪಿ ಹೆಣೆದಳು. "ಇನ್ನು ನಿನಗೇನೂ ಭಯ ಇಲ್ಲ ಮಗಳೇ," ಎನ್ನುತ್ತಿದ್ದಳು. ಭಯ ಇಲ್ಲವಾದ್ದರಿಂದ ಕೊರಿನ್ ಹಿತ್ತಿಲಿನ ಮಣ್ಣಿನಿಂದ ಕ್ಯಾರೆಟ್ ಕಿತ್ತಳು, ಕುರಿಗಳ ನಡುವೆ ಕೊಳೆಯಾದ ಗಂಡಸರ ಮೇಲಂಗಿಗಳನ್ನು ಕೈಯಲ್ಲಿ ಉಜ್ಜಿದಳು, ನಾಯಿಗಳಿಗೆ ಕುರಿಯ ಹಸಿ ಎದೆಮೂಳೆ ಕಡಿದಳು.

ಜೂನ್ ಬಂತು, ಆ ನಾಡಿನ ಚಳಿಗಾಲ. ಕುರಿಗಳು ಈಯತೊಡಗಿದವು. ಈ ಮನೆಯಲ್ಲಿ ಕೊರಿನ್‌ಗೆ ಜಾಗ ಸಿಕ್ಕಿದ್ದೇ ಇಂಥ ಒಂದು ಚಳಿಗಾಲದಲ್ಲಿ. ಪಟ್ಟಣದ ಹುಡುಗಿ, ಉಗುರಿಗೆ ಬಣ್ಣ, ಎರಡು ವಾರ ಇರಲಾರಳು ಎಂದು ಲೆಸ್ ಪಂದ್ಯ ಕಟ್ಟಿದ್ದ. ಕುರಿಯ ಹೊಟ್ಟೆಯಲ್ಲಿ ಅಡ್ಡ ಸಿಕ್ಕಿದ ಮರಿಯೊಂದನ್ನು ಅವಳು ತನ್ನ ಸಣ್ಣ ಕೈ ಒಳಗೆ ಹಾಕಿ, ಕಾಲು ಮಡಚಿ ತಿರುಗಿಸಿ ಹೊರಗೆ ತಂದಿದ್ದಳು. ಅಂದಿನಿಂದ ಲೆಸ್ ನೆರೆಯವರ ಮುಂದೆ ಅವಳ ಕೈಯನ್ನು ಎತ್ತಿ ತೋರಿಸುತ್ತಿದ್ದ, ಬಹುಮಾನ ಬಂದ ಟಗರಿನ ಹಾಗೆ. ಅದಕ್ಕೂ ಮೊದಲು ಆ ಕೆಲಸ ವೆರ್ನಾಳದು. ಈಗ ಅವಳ ಬೆರಳುಗಳು ಶುಂಠಿಯಂತೆ ಗಂಟು ಕಟ್ಟಿದ್ದವು.

ಈ ವರ್ಷವೂ ಕೊರಿನ್ ತಾನೇ ಹೋದಳು. ಮೊದಲ ವಾರ ಒಂದು ಮರಿ ಎಳೆದಳು.

ಮರುದಿನ ಪಟ್ಟಣದಲ್ಲಿ ಡಾಕ್ಟರ್ ಪೆರೇರಾ ಅವಳ ರಕ್ತಪರೀಕ್ಷೆಯ ಫಲಿತಾಂಶ ಓದಿ ಹೇಳಿದರು.

"ಬೆಕ್ಕಿನ ವಿಷಯ ಕೇಳಿದ್ರಲ್ಲ. ಟಾಕ್ಸೊಪ್ಲಾಸ್ಮೋಸಿಸ್ ಅಂತ ಅದರ ಹೆಸರು. ಅದು ನಿಮಗೆ ಯಾವತ್ತೂ ಬಂದ ಗುರುತಿಲ್ಲ."

"ಅಯ್ಯೋ, ಸದ್ಯ!"

"ಸದ್ಯ ಅನ್ಬೇಡಿ. ಹಿಂದೆ ಯಾವಾಗಲಾದ್ರೂ ಬಂದು ಹೋಗಿದ್ರೆ ಅದೇ ಮಗುಗೆ ಕಾವಲಾಗ್ತಿತ್ತು. ನಿಮಗೆ ಆ ಕಾವಲಿಲ್ಲ. ಈಗ ಹೊಸದಾಗಿ ಬಂದ್ರೆ ಮಗುಗೂ ದಾಟಬಹುದು. ಕಣ್ಣಿಗೆ, ಮಿದುಳಿಗೆ ತೊಂದರೆ. ಕೆಲವೊಮ್ಮೆ ಮಗುನೇ ನಿಲ್ಲಲ್ಲ."

ಕೊರಿನ್ ಕುರ್ಚಿಯಲ್ಲಿ ಸ್ವಲ್ಪ ಮುಂದೆ ಸರಿದಳು. "ಅಷ್ಟು ವರ್ಷ ಬೆಕ್ಕು ನನ್ನ ಹಾಸಿಗೇಲೇ ಮಲಗಿತ್ತಲ್ಲ?"

"ಹೊರಗೆ ತಿರುಗೋ ಬೆಕ್ಕಾ?"

"ಇಲ್ಲ. ಡಬ್ಬದ್ದೇ ತಿನ್ನೋದು. ಇಲಿ ಅಂದ್ರೆ ಏನು ಅಂತಾನೇ ಅದಕ್ಕೆ ಗೊತ್ತಿಲ್ಲ."

"ಹಾಗಾದ್ರೆ ಅದರಿಂದ ಭಯ ತುಂಬಾ ಕಡಿಮೆ. ಬೆಕ್ಕಿಗೂ ಇದು ಎಲ್ಲಿಂದಲೋ ಬರಬೇಕು. ಇಲಿ, ಹಕ್ಕಿ, ಹಸಿ ಮಾಂಸ. ನಿಮ್ಮ ರಕ್ತಾನೇ ಅದರ ಪರವಾಗಿ ಸಾಕ್ಷಿ ಹೇಳ್ತಿದೆ." ಡಾಕ್ಟರ್ ನಕ್ಕು, ಕನ್ನಡಕ ತೆಗೆದರು. "ನನಗೆ ಚಿಂತೆ ಬೇರೆ. ನಿಮ್ಮದು ಕುರಿ ಮನೆ. ಈಯೋ ಕುರಿ, ಕಂದು ಹಾಕಿದ ಕುರಿ, ಈದ ಮೇಲೆ ಬೀಳೋ ಮಾಸು, ನೀರು, ಇವು ಯಾವುದನ್ನೂ ಮುಟ್ಟಬೇಡಿ. ಆ ಬಟ್ಟೆ ಒಗೀಬೇಡಿ. ಮಾಂಸ ಒಳಗಿನವರೆಗೂ ಬೇಯಬೇಕು, ಕೆಂಪು ಇರಬಾರದು. ಮಣ್ಣು ಮುಟ್ಟಿದ್ರೆ ಗ್ಲೌಸ್. ತರಕಾರಿ ಚೆನ್ನಾಗಿ ತೊಳೀರಿ."

ಕೊರಿನ್ ತನ್ನ ಎರಡೂ ಕೈಗಳನ್ನು ನೋಡಿಕೊಂಡಳು. "ನಿನ್ನೆ ಮರಿ ಎಳೆದೆ."

"ಮತ್ತೆ ರಕ್ತ ನೋಡೋಣ. ಕೆಲವು ವಾರ ಬಿಟ್ಟು. ಇನ್ಮೇಲೆ ಬೇಡ. ಬೆಕ್ಕು ಈಗ ಎಲ್ಲಿದೆ?"

"ಉಣ್ಣೆ ಶೆಡ್ಡಲ್ಲಿ. ನನ್ನ ಒಳ್ಳೇದಕ್ಕೆ ಅಂತ ಅಲ್ಲಿಗೆ ಹಾಕಿದಾರೆ."

ಡಾಕ್ಟರ್ ಕನ್ನಡಕ ಮತ್ತೆ ಹಾಕಿಕೊಂಡರು. "ಅಲ್ಲಿ ಇಲಿ ತಿಂತಾ ಇದ್ರೆ, ಈಗ್ಲೇ ಅದಕ್ಕೆ ಮೊದಲ ಸಲ ತಗಲೋದು. ತಗಲಿದ ಮೇಲೆ ಎರಡು ಮೂರು ವಾರ ಅದರ ಹೇಲಲ್ಲಿ ಆ ರೋಗ ಹೊರಗೆ ಬರುತ್ತೆ. ಮನೇಲಿದ್ದಾಗ ಮುದ್ದು ಮಾಡಬಹುದಿತ್ತು. ಈಗ ಬೇಡ."

ಅವಳು ಮನೆಗೆ ಹೋಗಲಿಲ್ಲ, ನೇರ ಶೆಡ್ಡಿಗೆ ಕಾರು ಓಡಿಸಿದಳು. ಎಂಜಿನ್ನಿನ ಸದ್ದು ಗುರುತು ಹಿಡಿದು ಬಿಸ್ಕತ್ತು ಹಲಗೆಗಳ ಕೆಳಗಿನಿಂದ ಓಡಿ ಬಂತು. ಬಡವಾಗಿತ್ತು, ಒಂದು ಕಿವಿ ಹರಿದಿತ್ತು. ಮೂತಿಯ ಮೇಲೆ ಒಣಗಿದ ಕೆಂಪು. ಅದು ಬಂದ ದಿಕ್ಕಿನಲ್ಲಿ, ಗೋಡೆಯ ಬದಿಗೆ, ಯಾವುದೋ ಕುರಿ ಬಿಟ್ಟುಹೋದ ಮಾಸು ಅರ್ಧ ಹರಿದು ಬಿದ್ದಿತ್ತು. ಬೆಕ್ಕು ಬಾಲವೆತ್ತಿ, ಹಳೆಯ ರೀತಿಯಲ್ಲೇ ಕೂಗುತ್ತ ಅವಳ ಕಾಲಿನ ಕಡೆಗೆ ಬಂತು.

ಕೊರಿನ್ ಹಿಂದೆ ಸರಿದಳು.

ಅದು ನಿಂತಿತು. ಮತ್ತೆ ಬಂತು. ಅವಳು ಕಾರಿನೊಳಗೆ ಹೋಗಿ ಬಾಗಿಲು ಹಾಕಿಕೊಂಡಳು. ಬಿಸ್ಕತ್ತು ಮುಂದಿನ ಗಾಲಿಯ ಪಕ್ಕ ಕುಳಿತು ಗಾಜಿನ ಕಡೆ ಮುಖವೆತ್ತಿ ಕೂಗುತ್ತಲೇ ಇತ್ತು. ಬೆಂಕಿಯ ದಿನವೂ ಅಳದಿದ್ದ ಕೊರಿನ್ ಸ್ಟಿಯರಿಂಗಿಗೆ ಹಣೆ ಇಟ್ಟು ಅತ್ತಳು. ಅತ್ತು ಮುಗಿದ ಮೇಲೆ ಉಳಿದದ್ದು ಬರೀ ಸಿಟ್ಟು. ಅದನ್ನು ಹಾಗೇ ಊಟದ ಮೇಜಿಗೆ ತಂದಳು.

ಡಾಕ್ಟರ್ ಹೇಳಿದ್ದನ್ನೆಲ್ಲ ಒಂದೊಂದಾಗಿ ಹೇಳಿದಳು. ಕೊನೆಗೆ ಲೆಸ್ ತನ್ನ ತಟ್ಟೆಯಿಂದ ಕೆಂಪು ತುಂಡೊಂದನ್ನು ಫೋರ್ಕಿನಲ್ಲಿ ಎತ್ತಿ ಹಿಡಿದ.

"ನಮ್ಮಮ್ಮ ಐದು ಹೆತ್ತಳು. ಇದೇ ಮಾಂಸ, ಇದೇ ಕುರಿ. ನಮಗೇನಾಗಿದೆ?"

"ನಿಮಗೆ ಬಂದು ಹೋಗಿರಬಹುದು ಲೆಸ್. ಚಿಕ್ಕವರಿದ್ದಾಗಲೇ. ನನಗೆ ಬಂದಿಲ್ಲ."

"ಪಟ್ಟಣದ ರಕ್ತ, ಅದಕ್ಕೇ!"

"ಹೌದು, ಪಟ್ಟಣದ ರಕ್ತ. ಇರೋದು ಇದೇ. ಇದರಲ್ಲೇ ನಿಮ್ಮ ಮೊಮ್ಮಗು ಬೆಳೀತಿದೆ."

ಅವಳು ಎದ್ದು ತನ್ನ ತಟ್ಟೆಯ ಮಾಂಸವನ್ನು ಬಾಣಲೆಗೆ ಹಾಕಿ ಒಲೆ ಹಚ್ಚಿದಳು. ಅದು ಚುಂಯ್ ಎಂದು ಕಂದಿ, ಕಪ್ಪಾಗಿ, ಮುದುಡಿತು. ಅಡುಗೆಮನೆ ತುಂಬ ಹೊಗೆ. ಲೆಸ್ ಕೆಮ್ಮಿದ. ಅವಳು ಕಿಟಕಿ ತೆರೆಯಲಿಲ್ಲ.

"ಅಂದ್ರೆ ತಪ್ಪೆಲ್ಲ ನಂದಾ?" ವೆರ್ನಾಳ ದನಿ ಏರಿತು. "ಬೆಕ್ಕನ್ನ ಉಳಿಸಿದ್ದು ನಾನು. ನಿನ್ನ ಮಗು ಚೆನ್ನಾಗಿರ್ಲಿ ಅಂತ ಮಾಡಿದ್ದು ನಾನು. ಒಳ್ಳೇದಕ್ಕೆ ಮಾಡಿದೆ!"

"ಗೊತ್ತು ವೆರ್ನಾ. ಅದಕ್ಕೇ ಇಷ್ಟು ದಿನ ಎದುರು ಮಾತಾಡೋಕೆ ಆಗ್ಲಿಲ್ಲ."

"ನಾನು ಇಬ್ಬರನ್ನ ಹೊಟ್ಟೇಲಿಟ್ಕೊಂಡು ಮರಿ ಎಳೆದಿದೀನಿ. ರೋರಿ ಹುಟ್ಟೋ ಹಿಂದಿನ ದಿನಾನೂ ಎಳೆದೆ."

"ಆಗ ಯಾರಾದ್ರೂ ನಿಮ್ಮನ್ನ ಕೇಳಿದ್ರಾ? ನಿಮಗೆ ಇಷ್ಟ ಇದೆಯಾ ಅಂತ?"

ವೆರ್ನಾ ಗಂಡನ ಕಡೆ ನೋಡಿದಳು. ಲೆಸ್ ಉಪ್ಪಿನ ಡಬ್ಬಿಗೆ ಕೈ ಚಾಚುತ್ತಿದ್ದ. ಅವಳು ತಟ್ಟೆಗಳನ್ನು ಒಂದರ ಮೇಲೊಂದು ಇಡತೊಡಗಿದಳು, ಇನ್ನೂ ಉಣ್ಣುತ್ತಿದ್ದವರದ್ದನ್ನೂ ಸೇರಿಸಿ.

ಮರುದಿನ ರೋರಿ ಶೆಡ್ಡಿನ ಮೂಲೆಗೆ ತಂತಿ ಬಲೆ ಕಟ್ಟಿ ಬೆಕ್ಕನ್ನು ಒಳಗೆ ಹಾಕಿದ. ಮರಳಿನ ಡಬ್ಬ ಇಟ್ಟ. ದಿನವೂ ಗ್ಲೌಸು ಹಾಕಿ ತೆಗೆಯುತ್ತೇನೆ, ಡಬ್ಬದ್ದೇ ತಿನ್ನಿಸುತ್ತೇನೆ ಎಂದ. ಬಾಯಲ್ಲಿ ಕ್ಷಮೆ ಕೇಳಲಿಲ್ಲ. ಅದು ಆ ಮನೆಯ ಗಂಡಸರಿಗೆ ಬರುತ್ತಿರಲಿಲ್ಲ. ಕೊರಿನ್ ಕೂಡ ಕ್ಷಮಿಸಿದೆ ಎನ್ನಲಿಲ್ಲ. "ಬಲೆ ಗಟ್ಟಿ ಕಟ್ಟಿದೀಯ," ಎಂದಳಷ್ಟೆ.

ಮನೆಯೊಳಗೆ ಅವಳ ಕಟ್ಟಳೆಗಳು ಒಂದೊಂದಾಗಿ ಬಂದವು. ಅವಳಿಗೆ ಬೇರೆ ಚಾಕು, ಬೇರೆ ಹಲಗೆ. ಗಂಡಸರ ಮೇಲಂಗಿ ಗಂಡಸರೇ ಒಗೆಯಬೇಕು. ಮೊದಲ ಸಲ ಲೆಸ್ ತನ್ನದನ್ನು ಬಕೆಟ್ಟಿಗೆ ಹಾಕಿ ಮೂರು ದಿನ ಹಾಗೇ ಬಿಟ್ಟ, ಅಂಗಳವೆಲ್ಲ ನಾತ. ಊಟಕ್ಕೆ ಕೂತಾಗಲೆಲ್ಲ ಅವನು, "ಮಹಾರಾಣಿಯವರಿಗೆ ಇದ್ದಿಲು ಬಡಿಸು ವೆರ್ನಾ," ಎನ್ನುತ್ತಿದ್ದ. "ಬಡಿಸಿ ವೆರ್ನಾ, ಚೆನ್ನಾಗಿ ಕರಕಲಾಗಿರೋದು," ಎಂದು ಕೊರಿನ್ ತಟ್ಟೆ ಚಾಚುತ್ತಿದ್ದಳು. ವೆರ್ನಾ ಬಡಿಸುತ್ತಿದ್ದಳು, ಆದರೆ ಸೊಸೆಯೊಂದಿಗೆ ಮಾತಿಲ್ಲ. ಹಳದಿ ಟೊಪ್ಪಿ ಅರ್ಧಕ್ಕೆ ನಿಂತಿತ್ತು.

ಆ ತಿಂಗಳ ಕೊನೆಯ ಶನಿವಾರ ದಕ್ಷಿಣದ ಚಳಿಗಾಳಿ ಎದ್ದಿತು. ಬೆಳಗಿನಿಂದ ಓರೆ ಮಳೆ. ಮನೆಯ ಹಿಂದಿನ ಆವರಣದಲ್ಲಿ ಒಂದು ಹಿರಿ ಕುರಿ ಬಿದ್ದುಕೊಂಡಿತ್ತು. ಲೆಸ್‌ನ ಅತ್ಯುತ್ತಮ ತಳಿ; ಪ್ರತಿ ವರ್ಷ ಅವಳಿ ಮರಿ ಹಾಕುವಂಥದ್ದು. ಮರಿಯ ತಲೆ ಹಿಂದಕ್ಕೆ ತಿರುಗಿ ಸಿಕ್ಕಿಕೊಂಡಿತ್ತು. ಲೆಸ್ ಪ್ರಯತ್ನಿಸಿದ, ರೋರಿ ಪ್ರಯತ್ನಿಸಿದ. ಅವರ ಕೈ ಹಿಡಿಸಲಿಲ್ಲ. ಪಶುವೈದ್ಯರು ದ್ವೀಪದ ಇನ್ನೊಂದು ತುದಿಯಲ್ಲಿದ್ದರು.

"ಕೊರಿನ್!" ಲೆಸ್‌ನ ಕೂಗು ಗಾಳಿಯನ್ನು ಸೀಳಿಕೊಂಡು ಬಂತು.

ಅವಳು ಮಳೆಯಂಗಿ ಹಾಕಿಕೊಂಡು ಬೇಲಿಯವರೆಗೆ ಹೋದಳು. ಗೇಟು ತೆರೆಯಲಿಲ್ಲ. ಲೆಸ್ ಸೋಪು ನೀರಿನ ಬಕೆಟ್ಟನ್ನು ಬೇಲಿಯ ಬಳಿ ತಂದಿಟ್ಟ.

"ಉದ್ದದ ಗ್ಲೌಸಿದೆ, ಹಾಕ್ಕೋ. ಎರಡು ನಿಮಿಷದ ಕೆಲಸ ನಿಂಗೆ."

"ಗ್ಲೌಸು ಹರಿಯುತ್ತೆ. ಹೋದ ಸಲ ಹರೀತು. ಮುಖಕ್ಕೆಲ್ಲ ಹಾರುತ್ತೆ. ಆಗಲ್ಲ ಲೆಸ್."

"ಸಾಯ್ತಿದೆ ಕಣೇ ಅದು!"

"ಕಾಣ್ತಿದೆ ನನಗೆ." ಕುರಿಯ ಕಣ್ಣು ಅವಳ ಕಡೆಗೇ ಇತ್ತು. ಅವಳು ಮುಖ ತಿರುಗಿಸಲಿಲ್ಲ. ಬೆರಳುಗಳು ಮಳೆಯಂಗಿಯ ಜೇಬಿನಲ್ಲಿ ತಾವಾಗಿಯೇ ಮಡಚಿ ಬಿಚ್ಚಿ, ಆ ತಲೆಯನ್ನು ಹೇಗೆ ಹಿಡಿಯಬೇಕು, ಎತ್ತ ತಿರುಗಿಸಬೇಕು ಎಂದು ಹುಡುಕುತ್ತಿದ್ದವು. "ರೋರಿ, ದವಡೆ ಹಿಂದೆ ಬೆರಳು ಹಾಕು. ಎಳೀಬೇಡ, ಮೊದಲು ಒಳಗೆ ತಳ್ಳು."

"ಹೋಗ್ತಿಲ್ಲ ಕೋರಿ, ನನ್ನ ಕೈ ಹೋಗ್ತಿಲ್ಲ!"

ಅಷ್ಟರಲ್ಲಿ ವೆರ್ನಾ ಅವಳನ್ನು ದಾಟಿ ಗೇಟು ತೆರೆದು ಒಳಗೆ ಹೋದಳು. ಕೆಸರಿನಲ್ಲಿ ಮಂಡಿಯೂರಿ, ತೋಳು ಮಡಚಿ, ಗಂಟು ಕಟ್ಟಿದ ಕೈಯನ್ನು ಒಳಗೆ ಹಾಕಿದಳು. ನೋವಿಗೆ ಅವಳ ಬಾಯಿಂದ ಹೊರಟ ಸದ್ದು ಕುರಿಯದೋ ಅವಳದೋ ತಿಳಿಯುವಂತಿರಲಿಲ್ಲ. ಬಹಳ ಹೊತ್ತು ಹಿಡಿಯಿತು. ಮೊದಲ ಮರಿ ಸತ್ತೇ ಬಂತು. ಎರಡನೆಯದು ಬಂದು, ಸೀನಿ, ತಲೆ ಅಲ್ಲಾಡಿಸಿತು. ಕುರಿ ಒಂದು ಸಲ ಕಾಲು ಝಾಡಿಸಿ ಪ್ರಾಣ ಬಿಟ್ಟಿತು.

ಲೆಸ್ ಬೇಲಿಯ ಬಳಿ ಬಂದ. ಮಳೆ ನೀರು ಅವನ ಟೊಪ್ಪಿಯಂಚಿನಿಂದ ಹರಿಯುತ್ತಿತ್ತು.

"ಒಂದು ಕೈ ಹಾಕಿದ್ರೆ ಎರಡು ಜೀವ ಉಳೀತಿತ್ತು."

"ನನ್ನ ಹೊಟ್ಟೇಲಿರೋ ಮೂರನೇದರ ಗತಿ ಏನು?" ಎಂದಳು ಕೊರಿನ್. "ಅದನ್ನ ಯಾರು ಎಣಿಸ್ತಾರೆ? ನಾನೇ ಎಣಿಸಬೇಕು. ಬೈಯಿರಿ, ನಿಲ್ತೀನಿ. ಆದ್ರೆ ಕೈ ಹಾಕಲ್ಲ. ಇವತ್ತೂ ಇಲ್ಲ, ನಾಳೆನೂ ಇಲ್ಲ."

ಅವಳು ಮನೆಗೆ ಬಂದು ಅಡುಗೆಮನೆಯಲ್ಲಿ ನಿಂತಳು. ಸೂಪಿಗೆ ಬಾರ್ಲಿ ಹಾಕಿದಳು, ಹಾಕಿದೆನೋ ಇಲ್ಲವೋ ಮರೆತು ಮತ್ತೊಮ್ಮೆ ಹಾಕಿದಳು.

ಹಿಂಬಾಗಿಲ ಬಳಿ ಬೂಟಿನ ಸದ್ದಾಯಿತು. ಲೆಸ್ ಆ ಮರಿಯನ್ನು ಮೇಲಂಗಿಯೊಳಗೆ ಎದೆಗೆ ಅವಚಿಕೊಂಡಿದ್ದ. ಮರಿಯ ಮೈಯ ಲೋಳೆ ಒಣಗಿರಲಿಲ್ಲ, ಅವನ ಗಡ್ಡದವರೆಗೂ ರಕ್ತ. ನಡುಗುವ ಮರಿಯನ್ನು ತಂದು ಅಡುಗೆ ಒಲೆಯ ಪಕ್ಕದ ಪೆಟ್ಟಿಗೆಯಲ್ಲಿ ಮಲಗಿಸುವುದು ಆ ಮನೆಯಲ್ಲಿ ಅವನ ಅಜ್ಜನ ಕಾಲದಿಂದ ನಡೆದು ಬಂದದ್ದು. ಯಾವ ಚಳಿಗಾಲವೂ ಆ ಒಲೆ ಮರಿಯಿಲ್ಲದೆ ಕಳೆದಿರಲಿಲ್ಲ.

ಕೊರಿನ್ ಬಾಗಿಲಿಗೆ ಅಡ್ಡ ನಿಂತಳು.

"ಒಳಗೆ ಬೇಡ."

"ಜರುಗು ಹುಡುಗಿ."

"ಮರಿ ಬೇಡ, ಆ ಅಂಗಿ ಬೇಡ, ಆ ಬೂಟೂ ಬೇಡ. ನಾನು ಇಲ್ಲಿ ಉಣ್ತೀನಿ ಲೆಸ್. ಈ ನೆಲದ ಮೇಲೆ ನನ್ನ ಮಗು ಅಂಬೆಗಾಲಿಡುತ್ತೆ."

"ಇದು ನನ್ನ ಮನೆ!"

"ಹೌದು, ನಿಮ್ಮ ಮನೆ. ನಂದು ಸುಟ್ಟು ಹೋಗಿದೆ. ನೀವು ಹೊರಗೆ ಹಾಕಿದ್ರೆ ಕಾರಲ್ಲಿ ಮಲಗ್ತೀನಿ. ಆದ್ರೆ ನಾನಿಲ್ಲಿ ಇರೋವರೆಗೂ ಅದು ಈ ಹೊಸಿಲು ದಾಟಲ್ಲ."

ಲೆಸ್‌ನ ಮುಖ ಕೆಂಪೇರಿತು. ಅವನು ಹಿಂದೆ ತಿರುಗಿ ಕೂಗಿದ. "ವೆರ್ನಾ! ಬಂದು ಇವಳಿಗೆ ಒಂದು ಮಾತು ಹೇಳು!"

ವೆರ್ನಾ ಅಂಗಳದ ನಲ್ಲಿಯ ಬಳಿ ನಿಂತು ಕೈ ತೊಳೆಯುತ್ತಿದ್ದಳು. ಬೆರಳುಗಳು ಆಗಲೇ ಊದಿ ನೀಲಿಗಟ್ಟಿದ್ದವು. ನಲ್ಲಿ ನಿಲ್ಲಿಸಿ ನಿಧಾನವಾಗಿ ಬಂದಳು. ಗಂಡನ ಅಂಗಿಯೊಳಗಿಂದ ಮರಿಯನ್ನು ತೆಗೆದುಕೊಂಡಳು.

"ಬಟ್ಟೆ ಒಗೆಯೋ ಕೋಣೆಗೆ ಹೀಟರ್ ಹಾಕು ರೋರಿ," ಎಂದಳು ಮಗನಿಗೆ. "ಒಂದು ಪೆಟ್ಟಿಗೆ ಅಲ್ಲಿಗೇ ತಾ. ನಾನು ಅದರ ಜೊತೆ ಕೂತ್ಕೋತೀನಿ."

"ನಿಂಗೂ ಹುಚ್ಚು ಹಿಡೀತಾ?" ಎಂದ ಲೆಸ್.

"ಹಿಡೀಬೇಕಿತ್ತು," ಎಂದಳು ವೆರ್ನಾ. "ರೋರಿ ಹುಟ್ಟೋ ಹಿಂದಿನ ದಿನ ಹಿಡೀಬೇಕಿತ್ತು. ಮಳೇಲಿ ಬಕೆಟ್ ಹಿಡ್ಕೊಂಡು ನೀನು ಕೂಗಿದೆ, ನಾನು ಓಡಿ ಬಂದೆ. ನಿಲ್ಲೋಕೂ ಆಗ್ತಿರ್ಲಿಲ್ಲ ನನಗೆ." ಮರಿಯನ್ನು ತೋಳಿನಲ್ಲಿ ಸರಿಪಡಿಸಿಕೊಂಡು ಸೊಸೆಯ ಕಡೆ ತಿರುಗಿದಳು. ದಿನಗಳ ನಂತರ ಅವಳಿಗೆ ನೇರವಾಗಿ ಆಡಿದ ಮಾತು ಅದು. "ಏನು ನೋಡ್ತಾ ನಿಂತಿದೀಯ? ಬಾಗಿಲು ಹಾಕ್ಕೋ. ಒಳಗಿಂದ."

ಕೊರಿನ್ ಬಾಗಿಲು ಹಾಕಿ ಚಿಲಕ ಎಳೆದಳು.

ಹೊರಗೆ ಲೆಸ್ ಒಂದೆರಡು ಸಲ ಅತ್ತಿಂದಿತ್ತ ನಡೆದಾಡಿದ್ದು ಕೇಳಿಸಿತು. ಒಲೆಯ ಮೇಲೆ ಸೂಪು ಉಕ್ಕಿತು. ಅವಳು ಉರಿ ತಗ್ಗಿಸಿ ನಾಲ್ಕು ಬಟ್ಟಲು ತೆಗೆದಿಟ್ಟಳು. ಆಮೇಲೆ ಬಾಗಿಲನ್ನು ಗೆಣ್ಣಿನಿಂದ ತಟ್ಟಿದ ಸದ್ದು. ಆ ಮನೆಯಲ್ಲಿ ಅವನು ಬಾಗಿಲು ತಟ್ಟಿದ್ದನ್ನು ಅವಳು ಕೇಳಿದ್ದು ಅದೇ ಮೊದಲು.

"ಹಸಿವಾಗ್ತಿದೆ," ಎಂದ ಲೆಸ್.

"ಬೂಟು ಬಿಚ್ಚಿದ್ರಾ?"

"ಬಿಚ್ಚಿದೆ."

"ಅಂಗಿ?"

"ಚಳಿ ಕಣೇ!"

"ಅಂಗಿ, ಲೆಸ್."

ಗಾಳಿ ಸೂರನ್ನು ಅಲುಗಿಸಿತು. ಸ್ವಲ್ಪ ಹೊತ್ತಾದ ಮೇಲೆ ಒದ್ದೆ ಮೇಲಂಗಿ ಬಕೆಟ್ಟಿಗೆ ಧೊಪ್ಪೆಂದು ಬಿದ್ದ ಸದ್ದು, ಬೈಗುಳ, ಅದರ ಹಿಂದೆಯೇ ನಲ್ಲಿಯ ನೀರು. ಕೊರಿನ್ ಚಿಲಕದ ಮೇಲೆ ಕೈಯಿಟ್ಟು ನಿಂತಳು. ಅವನ ಕೈ ಮೇಲೆ ನೀರು ಸಾಕಷ್ಟು ಹೊತ್ತು ಹರಿಯಲಿ ಎಂದು ಕಾಯುತ್ತ.